ದುಡ್ಡು ಹಾಕಿದಷ್ಟು ಓಟೋ, ಮನೆಗೊಂದು ಓಟೋ? ಐದು ಮನೆಯ ಉಪ್ಪಿನಕಾಯಿ ಘಟಕಕ್ಕೆ ಸಲಹೆ ಬೇಕು

ಮಿಡಿಭರಣಿ (ಶಿರಸಿ)

ಎಲ್ಲರಿಗೂ ನಮಸ್ಕಾರ. ನಾವು ಶಿರಸಿ–ಸಿದ್ದಾಪುರ ರಸ್ತೆಯ ಒಂದು ಊರಿನ ಐದು ಮನೆಯವರು. ಅಪ್ಪೆಮಿಡಿ ಉಪ್ಪಿನಕಾಯಿ, ಮುರುಗಲು ಶರಬತ್ತು, ಹಲಸಿನ ಹಪ್ಪಳ ಒಂದೇ ಕಡೆ ಮಾಡಿ ಮಾರೋಣ ಅಂತ ಎರಡು ವರ್ಷದಿಂದ ಮಾತಾಡುತ್ತಿದ್ದೇವೆ. ಈ ಸಲ ಕೂತು ಲೆಕ್ಕ ಹಾಕಿದೆವು. 12 ಲಕ್ಷ ಬೇಕು.

ನಮ್ಮ ಭಾವ ಒಬ್ಬರೇ 6 ಲಕ್ಷ ಹಾಕುತ್ತಾರೆ. ಅವರ ಹಳೇ ಅಡಿಕೆ ಗೋದಾಮನ್ನೂ ಕೊಡುತ್ತಾರೆ. ಉಳಿದ ನಾಲ್ಕು ಮನೆ ತಲಾ ಒಂದೂವರೆ ಲಕ್ಷ. ಆದರೆ ದಿನಾ ಕೆಲಸ ಮಾಡುವವರು ಈ ನಾಲ್ಕು ಮನೆಯ ಹೆಂಗಸರು. ಭಾವ ಹೇಳುವುದು ಇಷ್ಟು: "ಅರ್ಧ ದುಡ್ಡು ನನ್ನದು, ಅರ್ಧ ಮಾತೂ ನನ್ನದು." ಅವರು ಕೆಟ್ಟವರಲ್ಲ. ಕಷ್ಟಕ್ಕೆ ಮೊದಲು ಬರುವವರೇ ಅವರು. ಆದರೂ ನನಗೆ ರಾತ್ರಿ ನಿದ್ದೆ ಬರುತ್ತಿಲ್ಲ.

ಮಿಡಿ ಆರಿಸುವುದನ್ನೇ ತಗೊಳ್ಳಿ. ಒಂದೊಂದನ್ನೂ ಕೈಯಲ್ಲಿ ಹಿಡಿದು ತೊಟ್ಟು ಇದೆಯಾ ಅಂತ ನೋಡಬೇಕು. ತೊಟ್ಟು ಮುರಿದರೆ ಸೊನೆ ಹೋಗುತ್ತದೆ, ಮಿಡಿ ಮೆತ್ತಗಾಗುತ್ತದೆ, ಅಂಥ ನಾಲ್ಕು ಮಿಡಿ ಸೇರಿದರೆ ಇಡೀ ಭರಣಿ ಹಾಳು. ಸಂಜೆ ಹೊತ್ತಿಗೆ ಸೊನೆ ತಾಗಿ ಬೆರಳ ಸಂದಿ ಸುಡುತ್ತದೆ. ಈ ಕೆಲಸಕ್ಕೆ ಮಾತಿನಲ್ಲಿ ಎಷ್ಟು ಪಾಲು? ಕಾಮರ್ಸ್ ಓದುವ ಮಗಳು "ಎಲ್ಲಾ ದೇಶದಲ್ಲೂ ಷೇರಿಗೆ ತಕ್ಕ ಓಟು ಅಮ್ಮಾ" ಅನ್ನುತ್ತಾಳೆ. ಹೌದಾ? ಬೇರೆ ಕಡೆ ಹೇಗೆ ಮಾಡುತ್ತಾರೆ? ತಿಳಿದವರು ಹೇಳಿ.

ತೋಟದಮನೆ

ಅಕ್ಕ, ಮಗಳಿಗೆ ಹೇಳಿ, ಎಲ್ಲಾ ದೇಶದ ತನಕ ಹೋಗಬೇಕಿಲ್ಲ. ಶಿರಸಿ ಪೇಟೆಗೆ ಹೋದರೆ ಸಾಕು. ಅಡಿಕೆ ಬೆಳೆಗಾರರ ಸಹಕಾರಿ ಮಾರಾಟ ಸಂಘ ಟಿಎಸ್‌ಎಸ್ ಶುರುವಾದದ್ದು 1923ರಲ್ಲಿ. ನೂರು ದಾಟಿದೆ. ಅಲ್ಲಿ ಹತ್ತು ಎಕರೆ ತೋಟದವರಿಗೂ ಒಂದೇ ಓಟು, ಹತ್ತು ಗುಂಟೆಯವರಿಗೂ ಒಂದೇ ಓಟು. ಸಹಕಾರಿ ಅಂದರೇ ಅದು.

ವಖಾರಿ_ಮಗ

ಓಟು ಒಂದೇ ಇರಬಹುದು. ಮಾತು ಯಾರದ್ದು ನಡೆಯುತ್ತದೆ ಅಂತ ಯಾವುದಾದರೂ ಸೊಸೈಟಿಯ ವಾರ್ಷಿಕ ಸಭೆಗೆ ಹೋಗಿ ಕೂತು ನೋಡಿ.

ನಾನು ಅಡಿಕೆ ವ್ಯಾಪಾರಿಯ ಮಗ, ನೇರವಾಗಿ ಹೇಳುತ್ತೇನೆ. ಮುಳುಗಿದರೆ ನಿಮ್ಮ ಭಾವನ 6 ಲಕ್ಷ ಮುಳುಗುತ್ತದೆ. ನಿಮ್ಮದು ಒಂದೂವರೆ. ಜಾಸ್ತಿ ಕಳೆದುಕೊಳ್ಳುವವರು ಜಾಸ್ತಿ ಮಾತು ಕೇಳುವುದರಲ್ಲಿ ತಪ್ಪೇನಿದೆ? ಅಡಿಕೆ ಬೆಲೆ ಬಿದ್ದ ವರ್ಷ ಅಪ್ಪ ಎರಡು ಲಾರಿ ಮಾಲು ಹಿಡಿದು ಕೂತಿದ್ದರು. ಆ ನಷ್ಟ ಹಂಚಿಕೊಳ್ಳಲು ಯಾರೂ ಬರಲಿಲ್ಲ.

ತೋಟದಮನೆ

ನಷ್ಟದ ಮಾತು ಒಪ್ಪುತ್ತೇನೆ. ಆದರೆ ಹಿಂದೆ ಮಳೆಗಾಲದಲ್ಲಿ ವ್ಯಾಪಾರಿಗಳಿಂದ ಮುಂಗಡ ತಗೊಂಡ ಬೆಳೆಗಾರ ಸುಗ್ಗಿಯಲ್ಲಿ ಬೇರೆ ಅಂಗಡಿಗೆ ಮಾಲು ಹಾಕುವಂತಿರಲಿಲ್ಲ. ದರ ಹೇಳುವವರೂ ಅವರೇ, ತೂಕ ಮಾಡುವವರೂ ಅವರೇ. ಅದಕ್ಕೇ ನಮ್ಮ ಹಿರಿಯರು ಸಂಘ ಕಟ್ಟಿದ್ದು. ಸೊಸೈಟಿಯ ಟೆಂಡರ್ ನೋಡಿದ್ದೀರಲ್ಲ? ರಾಶಿ ರಾಶಿಯಾಗಿ ಹಾಕಿರುತ್ತಾರೆ, ಕೆಂಪಡಿಕೆ ಬೇರೆ, ಚಾಲಿ ಬೇರೆ, ಕೋಕಾ ಬೇರೆ. ವ್ಯಾಪಾರಿ ಬಂದು ಒಂದು ಹಿಡಿ ಎತ್ತುತ್ತಾನೆ. ಎರಡು ಅಡಿಕೆ ಕತ್ತರಿಸಿ ಒಳಗಿನ ಬಣ್ಣ ನೋಡುತ್ತಾನೆ. ಚೀಟಿಯಲ್ಲಿ ದರ ಬರೆದು ಹಾಕುತ್ತಾನೆ. ಪಕ್ಕದವನು ಎಷ್ಟು ಬರೆದ ಅಂತ ಅವನಿಗೆ ಗೊತ್ತಿಲ್ಲ. ವ್ಯಾಪಾರಿಗಳು ಇದ್ದಾರೆ, ಪೈಪೋಟಿ ಇದೆ, ಮಾರುಕಟ್ಟೆ ಪೂರ್ತಿ ಇದೆ. ಆದರೆ ಅಂಗಳ ಬೆಳೆಗಾರರದು. ವ್ಯತ್ಯಾಸ ಇರುವುದು ಅಲ್ಲಿ.

ವಖಾರಿ_ಮಗ

ಆ ಮಾತು ಸರಿ, ಟೆಂಡರ್ ಒಳ್ಳೆಯ ಪದ್ಧತಿ. ಆದರೆ ಮದುವೆ, ಆಸ್ಪತ್ರೆ ಅಂದಾಗ ರಾತ್ರಿ ಹತ್ತಕ್ಕೆ ಬಾಗಿಲು ತೆಗೆದು ದುಡ್ಡು ಕೊಟ್ಟದ್ದು ಅಪ್ಪ. ಅದನ್ನೂ ನೆನಪಿಡಿ.

ಕಡಲತಡಿ (ಕಾರವಾರ)

ನೀವು ಗಟ್ಟದ ಮೇಲಿನವರು ಯಾವಾಗಲೂ ಅಡಿಕೆಗೇ ಬಂದು ನಿಲ್ಲುತ್ತೀರಿ. ಸಮುದ್ರದ ಕಡೆಯ ಲೆಕ್ಕವನ್ನೂ ಕೇಳಿ ಅಕ್ಕ, ನಿಮ್ಮ ಪ್ರಶ್ನೆಗೆ ಅದು ಹತ್ತಿರ ಇದೆ.

ನಮ್ಮ ಅಜ್ಜ ರಂಪಣಿಗೆ ಹೋಗುತ್ತಿದ್ದರು. ರಂಪಣಿ ಅಂದರೆ ದಡದಿಂದ ಎಳೆಯುವ ದೊಡ್ಡ ಬಲೆ. ಒಬ್ಬರ ಕೈಯಲ್ಲಿ ಆಗುವ ಬಲೆಯೇ ಅಲ್ಲ ಅದು. ಒಂದೊಂದು ಮನೆಯವರು ಒಂದೊಂದು ತುಂಡು ತರುತ್ತಿದ್ದರು, ಎಲ್ಲಾ ಸೇರಿಸಿ ಕಟ್ಟುತ್ತಿದ್ದರು. ದೋಣಿ ಬಲೆಯನ್ನು ಅರ್ಧಚಂದ್ರದ ಹಾಗೆ ಬಿಟ್ಟು ಬರುತ್ತಿತ್ತು, ಎರಡೂ ತುದಿಯ ಹಗ್ಗ ಹಿಡಿದು ಊರಿಗೆ ಊರೇ ಎಳೆಯುತ್ತಿತ್ತು. ಬಂಗಡೆ, ತಾರ್ಲೆ ದಡಕ್ಕೆ ಬಿದ್ದ ಮೇಲೆ ಪಾಲು. ಬಲೆಗೆ ಬೇರೆ ಪಾಲು, ದೋಣಿಗೆ ಬೇರೆ ಪಾಲು, ಮೈ ಮುರಿದು ಎಳೆದವರಿಗೆ ಬೇರೆ ಪಾಲು. ಬಲೆ ತುಂಡು ಇಲ್ಲದವನೂ ಹಗ್ಗ ಹಿಡಿದರೆ ಬರಿಗೈಯಲ್ಲಿ ಹೋಗುತ್ತಿರಲಿಲ್ಲ.

1970ರ ದಶಕದ ನಡುವೆ ಪರ್ಸೀನ್ ಬೋಟು ಬಂದವು. ಮೀನು ದಡಕ್ಕೆ ಬರುವ ಮೊದಲೇ ನಡುನೀರಿನಲ್ಲಿ ಹಿಡಿದರು. ರಂಪಣಿ ಕುಗ್ಗುತ್ತಾ ಹೋಯಿತು. ಈಗ ಬೋಟಿನವನಿಗೆ ಬಂಡವಾಳ ಬೇಕು, ಡೀಸೆಲ್ ಬೇಕು, ಮುಂಗಡಕ್ಕೆ ಏಜೆಂಟ್ ಬೇಕು. ಮುಂಗಡ ಕೊಟ್ಟವನಿಗೇ ಮೀನು ಹಾಕಬೇಕು. ನಿಮ್ಮ ಅಡಿಕೆ ಕಥೆಯೇ ಇಲ್ಲೂ. ಆದರೆ ಬೋಟಿನ ಮೇಲೆ ಈಗಲೂ ಪಾಲಿನ ಪದ್ಧತಿ ಉಳಿದಿದೆ. ಖರ್ಚು ಕಳೆದು ಮಾಲಿಕನಿಗೆ ಇಷ್ಟು, ಆಳುಗಳಿಗೆ ಇಷ್ಟು ಅಂತ. ಪೂರ್ತಿ ಸಂಬಳ ಅಂತಲೂ ಅಲ್ಲ, ಪೂರ್ತಿ ಪಾಲುದಾರಿಕೆ ಅಂತಲೂ ಅಲ್ಲ.

ಬಲೆಗೂ ಪಾಲು, ಮೈಗೂ ಪಾಲು. ನಿಮ್ಮ ಘಟಕಕ್ಕೂ ಹಾಗೇ ಬರೆದುಕೊಳ್ಳಿ.

ಮಿಡಿಭರಣಿ

ಕಡಲತಡಿಯವರೇ, ಇದನ್ನು ನಮ್ಮ ಮನೆಯವರಿಗೆ ಓದಿ ಹೇಳಿದೆ. "ಬಲೆಗೂ ಪಾಲು, ಮೈಗೂ ಪಾಲು" ಅಂದಿದ್ದು ಅವರಿಗೂ ಹಿಡಿಸಿತು.

ಹೊಸಬೋಟು (ತದಡಿ)

ಈಗ ಆಳುಗಳು ಹೆಚ್ಚಿನವರು ಒಡಿಶಾ, ಜಾರ್ಖಂಡ್ ಕಡೆಯವರು. ಅವರಿಗೆ ಪಾಲಿಗಿಂತ ತಿಂಗಳ ಸಂಬಳ ಬೇಕು, ಊರಿಗೆ ಕಳಿಸಬೇಕಲ್ಲ. ಪಾಲಿನ ಪದ್ಧತಿ ಅಂತ ಚೆಂದ ಮಾಡಿ ಹೇಳಬೇಡಿ. ಮೀನು ಇಲ್ಲದ ದಿನ ಪಾಲು ಅಂದರೆ ಸೊನ್ನೆ.

ಕಡಲತಡಿ (ಕಾರವಾರ)

ಸತ್ಯ ಅಣ್ಣ. ಅದಕ್ಕೇ ಮೈ ಪಾಲಿಗೆ ಒಂದು ಕನಿಷ್ಠ ಕೂಲಿ ಇರಬೇಕು. ಅಕ್ಕನವರು ಅದನ್ನೂ ಸೇರಿಸಿಕೊಳ್ಳಲಿ.

ಸ್ಟುಟ್‌ಗಾರ್ಟ್_ಸಿದ್ದಾಪುರ

ಅಕ್ಕ, ಬೇರೆ ದೇಶದ್ದು ಕೇಳಿದಿರಿ. ನಾನು ಜರ್ಮನಿಯಲ್ಲಿ ಕೆಲಸಕ್ಕಿದ್ದೇನೆ. ಇಲ್ಲಿ 2000ಕ್ಕಿಂತ ಜಾಸ್ತಿ ಜನ ಕೆಲಸ ಮಾಡುವ ಕಂಪನಿಯ ಮೇಲ್ವಿಚಾರಣಾ ಮಂಡಳಿಯಲ್ಲಿ ಅರ್ಧ ಕುರ್ಚಿ ನೌಕರರ ಪ್ರತಿನಿಧಿಗಳಿಗೆ. 1976ರ ಕಾನೂನು. 500ರಿಂದ 2000 ಜನರಿದ್ದರೆ ಮೂರನೇ ಒಂದು ಭಾಗ. ಸಮಸಮ ಓಟು ಬಿದ್ದರೆ ಅಧ್ಯಕ್ಷರಿಗೆ ಇನ್ನೊಂದು ಓಟು, ಅಧ್ಯಕ್ಷರು ಸಾಮಾನ್ಯವಾಗಿ ಷೇರುದಾರರ ಕಡೆಯವರು. ಹಾಗಾಗಿ ಕೊನೆಯ ಮಾತು ದುಡ್ಡಿನದೇ. ಆದರೆ ಕೆಲಸದವರನ್ನು ಕೇಳದೆ ಮುಂದೆ ಹೋಗಲು ಆಗುವುದಿಲ್ಲ.

ಐದು ಜನ ನೌಕರರಿದ್ದರೂ ಅವರು ತಮ್ಮದೊಂದು ಮಂಡಳಿ ಆರಿಸಿಕೊಳ್ಳಬಹುದು. ಕೆಲಸದ ಹೊತ್ತು, ಪಾಳಿ, ರಜೆ ಇದೆಲ್ಲಾ ಅವರ ಜೊತೆ ಕೂತೇ ಆಗಬೇಕು. ನಮ್ಮ ಆಫೀಸಿನಲ್ಲಿ ಶನಿವಾರದ ಪಾಳಿ ತರಬೇಕು ಅಂತ ಹೊರಟಾಗ ಮೂರು ತಿಂಗಳು ಮಾತಾಯಿತು. ನನಗೆ ಮೊದಲು ಇದೆಲ್ಲಾ ಕಾಲಹರಣ ಅನ್ನಿಸಿತ್ತು. ಈಗ ಅನ್ನಿಸುವುದಿಲ್ಲ. ಒಂದು ಸಲ ಒಪ್ಪಿದ ಮೇಲೆ ಯಾರೂ ಗೊಣಗಲಿಲ್ಲ.

ಯಲ್ಲಾಪುರ_ಕಾಳು

ಕೊರಿಯಾದ ಚೇಬೊಲ್ ನೋಡಿ, ಅದು ಪೂರ್ತಿ ಉಲ್ಟಾ. ಒಂದೇ ಕುಟುಂಬ, ಹತ್ತಾರು ಕಂಪನಿ. ಒಂದು ಕಂಪನಿ ಇನ್ನೊಂದರ ಷೇರು ಹಿಡಿದು, ಅದು ಮತ್ತೊಂದರದ್ದು ಹಿಡಿದು, ಸ್ವಂತ ದುಡ್ಡು ಸ್ವಲ್ಪ ಇದ್ದರೂ ಇಡೀ ಬಳಗ ಕುಟುಂಬದ ಮುಷ್ಟಿಯಲ್ಲಿ. ಹಾಗಂತ ಕೊರಿಯಾ ಮುಂದೆ ಬರಲಿಲ್ಲವಾ? ಬಂತು. ಒಬ್ಬರ ಕೈಯಲ್ಲಿ ಇದ್ದರೆ ಕೆಲಸ ಬೇಗ ಆಗುತ್ತದೆ.

ಸ್ಟುಟ್‌ಗಾರ್ಟ್_ಸಿದ್ದಾಪುರ

ಬೇಗ ಬೀಳುತ್ತದೆ ಕೂಡ. 1997ರ ಏಷ್ಯಾದ ಹಣಕಾಸು ಬಿಕ್ಕಟ್ಟಿನ ನಂತರ ದೇವೂ ಅನ್ನುವ ಚೇಬೊಲ್ ಏನಾಯಿತು ಅಂತ ಗೊತ್ತಲ್ಲ. ಸಾಲದ ಮೇಲೆ ಸಾಲ, 1999ರಲ್ಲಿ ಕುಸಿಯಿತು.

ಲೆಕ್ಕಪತ್ರ

ನಾನು ಲೆಕ್ಕ ಬರೆಯುವವನು. ನೀವು ಯಾವ ರೂಪದಲ್ಲಿ ಶುರು ಮಾಡುತ್ತೀರಿ ಅನ್ನುವುದು ಮೊದಲು ತೀರ್ಮಾನ ಆಗಬೇಕು ಮೇಡಂ. ಐದು ಮನೆಗೆ ಸಹಕಾರಿ ಸಂಘ ಆಗುವುದಿಲ್ಲ, ಅದಕ್ಕೆ ಜಾಸ್ತಿ ಕುಟುಂಬ ಬೇಕು. ಉತ್ಪಾದಕರ ಕಂಪನಿ ಮಾಡಲು ಕನಿಷ್ಠ 10 ಜನ ಬೆಳೆಗಾರರು ಬೇಕು. ಅಲ್ಲಿ ಒಬ್ಬರಿಗೆ ಒಂದು ಓಟು, ಎಷ್ಟೇ ಷೇರಿರಲಿ. ಲಾಭದಲ್ಲಿ ಬೋನಸ್ ಕೊಡುವುದು ಯಾರು ಎಷ್ಟು ಮಾಲು ಹಾಕಿದರು ಅನ್ನುವುದರ ಮೇಲೆ.

ಉಳಿದದ್ದು ಪಾಲುದಾರಿಕೆ ಅಥವಾ ಎಲ್‌ಎಲ್‌ಪಿ, ಅಂದರೆ ಸೀಮಿತ ಹೊಣೆಯ ಪಾಲುದಾರಿಕೆ. ಇಲ್ಲಿ ದಯವಿಟ್ಟು ಗಮನ ಕೊಡಿ. ಮನೆಯವರೇ ಅಲ್ವಾ ಅಂತ ಕಾಗದ ಮಾಡದೆ ಶುರು ಮಾಡಿದರೆ 1932ರ ಪಾಲುದಾರಿಕೆ ಕಾಯ್ದೆ ತಾನೇ ಬಂದು ಕೂರುತ್ತದೆ. ಅದರ 13ನೇ ಕಲಂ ಏನು ಹೇಳುತ್ತದೆ ಗೊತ್ತಾ? ಬೇರೆ ಒಪ್ಪಂದ ಇಲ್ಲದಿದ್ದರೆ ಲಾಭ, ನಷ್ಟ ಎಲ್ಲರಿಗೂ ಸಮಪಾಲು. ಒಪ್ಪಿದ ಬಂಡವಾಳಕ್ಕಿಂತ ಜಾಸ್ತಿ ದುಡ್ಡು ಕೊಟ್ಟ ಪಾಲುದಾರನಿಗೆ ವರ್ಷಕ್ಕೆ ಶೇ 6 ಬಡ್ಡಿ. ಆದರೆ ವ್ಯವಹಾರದಲ್ಲಿ ದುಡಿದ ಪಾಲುದಾರನಿಗೆ ಸಂಬಳ? ಇಲ್ಲ. ಕಾಗದದಲ್ಲಿ ಬರೆದಿದ್ದರೆ ಮಾತ್ರ ಉಂಟು.

ಅಂದರೆ ಸುಮ್ನೆ ಬಿಟ್ಟರೆ, ಒಪ್ಪಿದ ಬಂಡವಾಳಕ್ಕಿಂತ ಭಾವನವರು ಹೆಚ್ಚು ಹಾಕಿದ ದುಡ್ಡಿಗೆ ಕಾನೂನೇ ಬಡ್ಡಿ ಕೊಡಿಸುತ್ತದೆ. ನಿಮ್ಮ ಬೆರಳ ಸಂದಿಯ ಸೊನೆಗೆ ಏನೂ ಕೊಡಿಸುವುದಿಲ್ಲ.

ಮಿಡಿಭರಣಿ

ಇದು ನಿಜವಾ? ನಾವು ಕಾಗದ ಆಮೇಲೆ ಮಾಡೋಣ ಅಂತಿದ್ದೆವು!

ಲೆಕ್ಕಪತ್ರ

ನಿಜ ಮೇಡಂ. ಕಾಗದ ಮೊದಲು. ಇನ್ನೊಂದು ವಿಷಯ: ಸಾಮಾನ್ಯ ಪಾಲುದಾರಿಕೆಯಲ್ಲಿ ಸಾಲ ತೀರದಿದ್ದರೆ ನಿಮ್ಮ ಮನೆ, ತೋಟದ ತನಕ ಬರುತ್ತಾರೆ. ಎಲ್‌ಎಲ್‌ಪಿಯಲ್ಲಿ ಹಾಕಿದ ಬಂಡವಾಳದ ಮಟ್ಟಕ್ಕೆ ನಿಲ್ಲುತ್ತದೆ. 2008ರ ಕಾಯ್ದೆ, ಇಬ್ಬರಿದ್ದರೂ ಮಾಡಬಹುದು. ವರ್ಷಾ ವರ್ಷಾ ಲೆಕ್ಕ ಸಲ್ಲಿಸಬೇಕು, ತಪ್ಪಿದರೆ ದಂಡ. ವಹಿವಾಟು 40 ಲಕ್ಷ ಅಥವಾ ಬಂಡವಾಳ 25 ಲಕ್ಷ ದಾಟಿದರೆ ಆಡಿಟ್ ಕಡ್ಡಾಯ.

ಕೊಂಕಣ_ಮಾಮ (ಕುಮಟಾ)

ಸೀಮಿತ ಹೊಣೆ ಅಂದಿರಲ್ಲ, ಅದರ ಹಿಂದಿನ ಕಥೆಯಲ್ಲಿ ನಮ್ಮ ಕರಾವಳಿಯೂ ಇದೆ. 1602ರಲ್ಲಿ ಡಚ್ಚರು ಈಸ್ಟ್ ಇಂಡಿಯಾ ಕಂಪನಿ ಮಾಡಿದರು. ಅದಕ್ಕೂ ಮುಂಚೆ ಹಡಗು ಹೋಗಿ ಬಂದರೆ ಲೆಕ್ಕ ಚುಕ್ತಾ, ಎಲ್ಲರೂ ಪಾಲು ತಗೊಂಡು ಮನೆಗೆ. ಈ ಕಂಪನಿಯಲ್ಲಿ ದುಡ್ಡು ಒಳಗೇ ಉಳಿಯಬೇಕು ಅಂತಾಯಿತು. ಹೊರಗೆ ಹೋಗಬೇಕು ಅಂದವನು ತನ್ನ ಪಾಲನ್ನು ಇನ್ನೊಬ್ಬನಿಗೆ ಮಾರಬೇಕು. ಆಮ್‌ಸ್ಟರ್‌ಡ್ಯಾಮಿನಲ್ಲಿ ಷೇರು ಪೇಟೆ ಬೆಳೆದದ್ದು ಹಾಗೆ.

ಅವರೆಲ್ಲಾ ಬಂದದ್ದು ಯಾಕೆ? ಕಾಳುಮೆಣಸಿಗೆ. ಗೇರುಸೊಪ್ಪೆಯ ಚೆನ್ನಭೈರಾದೇವಿಯನ್ನು ಪೋರ್ಚುಗೀಸರು ಮೆಣಸಿನ ರಾಣಿ ಅಂತ ಕರೆದರು. 1638ರಲ್ಲಿ ಕಾರವಾರದಲ್ಲಿ ಇಂಗ್ಲಿಷ್ ವ್ಯಾಪಾರಿಗಳ ಕೋಠಿ ಶುರುವಾಯಿತು. ಮೆಣಸಿನ ಬಳ್ಳಿ ಹತ್ತಿದವನು ನಮ್ಮ ಗಟ್ಟದವನು, ಲಾಭ ಹಂಚಿಕೊಂಡವನು ಬಳ್ಳಿಯನ್ನೇ ನೋಡದವನು. ಆ ಅಂತರ ಶುರುವಾದದ್ದೇ ಆಗ.

ನಿಮಗೆ ಇದರಲ್ಲಿ ಬೇಕಾದದ್ದು ಒಂದು ಮಾತು. ಒಬ್ಬರು ನಡುವೆ ಬಿಟ್ಟು ಹೋಗುತ್ತೇನೆ ಅಂದರೆ ಏನು ಮಾಡುವುದು? ಅವರ ಪಾಲಿಗೆ ಬೆಲೆ ಕಟ್ಟುವವರು ಯಾರು, ಎಷ್ಟು ದಿನದಲ್ಲಿ ಕೊಡಬೇಕು, ಹೊರಗಿನವರಿಗೆ ಮಾರಬಹುದಾ? ಶುರುವಿನಲ್ಲೇ ಬರೆದುಕೊಳ್ಳಿ ಮಗಳೇ. ಮನಸ್ಸು ಮುರಿದ ಮೇಲೆ ಬರೆಯಲು ಆಗುವುದಿಲ್ಲ.

ಸಂಕದಹೊಳೆ

ಮಾಮ, ನಮ್ಮ ಕಡೆಯ ಪಿಗ್ಮಿ ಬಗ್ಗೆಯೂ ಹೇಳಿ. ದಿನಾ ಮನೆ ಬಾಗಿಲಿಗೆ ಬಂದು ಎರಡಾಣೆ ನಾಲ್ಕಾಣೆ ತಗೊಳ್ಳುತ್ತಿದ್ದದ್ದು ಉಡುಪಿಯಲ್ಲಿ ಶುರುವಾದದ್ದಂತೆ?

ಕೊಂಕಣ_ಮಾಮ (ಕುಮಟಾ)

ಹೌದು, 1928ರಲ್ಲಿ, ಮುಂದೆ ಸಿಂಡಿಕೇಟ್ ಬ್ಯಾಂಕ್ ಅಂತ ಹೆಸರಾದ ಬ್ಯಾಂಕು ಶುರು ಮಾಡಿದ್ದು. ಚಿಲ್ಲರೆ ಕೂಡಿಸಿ ಬಂಡವಾಳ ಮಾಡುವ ಉಪಾಯ. ನಮ್ಮ ತಾಯಿ ಅದರಲ್ಲೇ ಹೊಲಿಗೆ ಮಿಷನ್ ತಗೊಂಡರು.

ಬನವಾಸಿ_ರಸ್ತೆ

ಪಿಗ್ಮಿ ಅಂದಾಗ ಹೊಟ್ಟೆ ಉರಿಯುತ್ತದೆ. ನಮ್ಮ ಕಡೆ ಒಂದು ಪತ್ತಿನ ಸಂಘದಲ್ಲಿ ಅಮ್ಮನ ಮೂರು ಲಕ್ಷ ಠೇವಣಿ ಇತ್ತು. ಆಡಳಿತದವರು ತಮ್ಮವರಿಗೇ ಸಾಲ ಕೊಟ್ಟುಕೊಂಡರು, ಬಾಗಿಲು ಹಾಕಿತು. ಆರು ವರ್ಷ ಆಯಿತು. ಅಮ್ಮ ಪಾಸ್‌ಬುಕ್ಕನ್ನು ಈಗಲೂ ದೇವರ ಗೂಡಿನಲ್ಲಿ ಇಟ್ಟಿದ್ದಾಳೆ. ತಲೆಗೊಂದು ಓಟು ಅಲ್ಲೂ ಇತ್ತು ತೋಟದಮನೆಯವರೇ.

ತೋಟದಮನೆ

ಓದಿ ಸಂಕಟವಾಯಿತು. ಇದಕ್ಕೆ ನನ್ನ ಹತ್ತಿರ ಉತ್ತರ ಇಲ್ಲ. ಓಟು ಇದ್ದರೂ ಸದಸ್ಯರು ಲೆಕ್ಕ ಕೇಳದಿದ್ದರೆ ಹೀಗೇ ಆಗುತ್ತದೆ. ನಾನೇ ಎಷ್ಟೋ ಸಭೆಗೆ ಹೋಗದೆ ಕೂತಿದ್ದೇನೆ.

ಲೆಕ್ಕಪತ್ರ

ಎಲ್ಲರೂ ತಿಳಿದುಕೊಳ್ಳಲಿ: ಬ್ಯಾಂಕ್ ಮತ್ತು ಸಹಕಾರಿ ಬ್ಯಾಂಕಿನ ಠೇವಣಿಗೆ 2020ರಿಂದ 5 ಲಕ್ಷದ ತನಕ ವಿಮೆ ಇದೆ. ಪತ್ತಿನ ಸಂಘ, ಪ್ರಾಥಮಿಕ ಕೃಷಿ ಸಂಘಕ್ಕೆ ಆ ವಿಮೆ ಇಲ್ಲ. ಎರಡರ ಬೋರ್ಡೂ ಒಂದೇ ಥರ ಕಾಣುತ್ತದೆ, ಠೇವಣಿ ಇಡುವ ಮೊದಲು ಕೇಳಿ.

ದಾಂಡೇಲಿ_ಪಾಳಿ

ಐದು ಮನೆ ಅಂದಾಗ ನನಗೆ ಸ್ಪೇನಿನ ಮೊಂಡ್ರಾಗಾನ್ ನೆನಪಾಯಿತು. ಬಾಸ್ಕ್ ಗುಡ್ಡಗಾಡಿನ ಪುಟ್ಟ ಊರು. ಒಬ್ಬ ಪಾದ್ರಿ 1943ರಲ್ಲಿ ಅಲ್ಲಿ ತಾಂತ್ರಿಕ ಶಾಲೆ ಶುರು ಮಾಡಿದರು. ಅದರಲ್ಲಿ ಓದಿದ ಐದು ಹುಡುಗರು 1956ರಲ್ಲಿ ಒಂದು ಒಲೆ ಕಾರ್ಖಾನೆ ತೆಗೆದರು. ಐವರ ಹೆಸರಿನ ಅಕ್ಷರ ಸೇರಿಸಿ ಉಲ್ಗೋರ್ ಅಂತ ಹೆಸರು. ಇವತ್ತು ಅದು ಹತ್ತಾರು ಸಾವಿರ ಜನರ ಬಳಗ. ಮಾಲಿಕರು ಕೆಲಸ ಮಾಡುವವರೇ. ಒಬ್ಬರಿಗೆ ಒಂದು ಓಟು. ಮೇಲಿನವರ ಸಂಬಳ ಕೆಳಗಿನವರ ಸಂಬಳದ ಆರು ಪಟ್ಟು ದಾಟದ ಹಾಗೆ ನೋಡಿಕೊಳ್ಳುತ್ತಾರೆ.

ನಮ್ಮಪ್ಪ ಕಾಗದ ಕಾರ್ಖಾನೆಯಲ್ಲಿ ದುಡಿದವರು. ಕ್ವಾರ್ಟರ್ಸು, ಶಾಲೆ, ಆಸ್ಪತ್ರೆ ಎಲ್ಲಾ ಇತ್ತು, ಅದನ್ನು ಮರೆಯುವುದಿಲ್ಲ. ಆದರೆ ಮೂವತ್ತು ವರ್ಷದಲ್ಲಿ ಮಿಷನ್ ಬಗ್ಗೆ ಅಪ್ಪನ ಅಭಿಪ್ರಾಯವನ್ನು ಯಾರೂ ಕೇಳಲಿಲ್ಲ. ಆ ಮಿಷನ್ ಯಾವಾಗ ಕೆಡುತ್ತದೆ ಅಂತ ಶಬ್ದದಲ್ಲೇ ಹೇಳುತ್ತಿದ್ದರು ಅವರು.

ವಖಾರಿ_ಮಗ

ಅದೇ ಮೊಂಡ್ರಾಗಾನಿನ ಫಾಗೋರ್ ಗೃಹೋಪಯೋಗಿ ಕಾರ್ಖಾನೆ 2013ರಲ್ಲಿ ದಿವಾಳಿ ಆಯಿತು. ಅದನ್ನೂ ಹೇಳಿ.

ದಾಂಡೇಲಿ_ಪಾಳಿ

ಆಯಿತು. ಕೆಲಸ ಕಳೆದುಕೊಂಡ ಸದಸ್ಯರಲ್ಲಿ ತುಂಬಾ ಜನರನ್ನು ಬಳಗದ ಬೇರೆ ಸಂಘಗಳು ತಗೊಂಡವು. ನಷ್ಟ ಎಲ್ಲಾ ಕಡೆ ಬರುತ್ತದೆ. ಬಿದ್ದಾಗ ಯಾರು ಹಿಡಿಯುತ್ತಾರೆ ಅನ್ನುವುದು ಮುಖ್ಯ ಅಲ್ವಾ? ನಿಮ್ಮ ಅಪ್ಪನಿಗೂ ಆ ವರ್ಷ ಹಾಗೆ ಹಿಡಿಯುವವರು ಇರಬೇಕಿತ್ತು.

ವಖಾರಿ_ಮಗ

ಇರಬೇಕಿತ್ತು. ಆ ಮಾತಿಗೆ ನಾನು ಎದುರಾಡುವುದಿಲ್ಲ.

ಹಾಲಿನಕ್ಯಾನು

ಡೆನ್ಮಾರ್ಕಿನಲ್ಲಿ ಮೊದಲ ಹಾಲಿನ ಸಹಕಾರ ಸಂಘ ಆದದ್ದು 1882ರಲ್ಲಿ. ಅಲ್ಲೂ ಇದೇ ಪ್ರಶ್ನೆ. ಜಾಸ್ತಿ ಹಸು ಇದ್ದವರಿಗೆ ಜಾಸ್ತಿ ಓಟು ಬೇಕಾ ಅಂತ. ಅವರ ಸಂಘಗಳಲ್ಲಿ ನಿಂತ ಪದ್ಧತಿ: ಓಟು ಮನುಷ್ಯನ ತಲೆಗೆ, ಹಸುವಿನ ತಲೆಗಲ್ಲ. ಲಾಭ ಮಾತ್ರ ಹಾಲು ಹಾಕಿದಷ್ಟು.

ಶರಾವತಿ_ದಂಡೆ (ಹೊನ್ನಾವರ)

ಇಷ್ಟೊತ್ತು ಓದಿದೆ. ಒಬ್ಬರೂ ಕೇಳಲಿಲ್ಲ, ನಾನು ಕೇಳುತ್ತೇನೆ. ತಂಗಿ, ಕಾಗದದಲ್ಲಿ ಸಹಿ ಯಾರದು? ನಿಮ್ಮದಾ, ನಿಮ್ಮ ಯಜಮಾನರದಾ?

"ಮನೆಗೊಂದು ಓಟು" ಅಂತ ಎಲ್ಲರೂ ಬರೆಯುತ್ತಿದ್ದೀರಿ. ಮನೆ ಓಟು ಹಾಕುವುದಿಲ್ಲ, ಮನೆಯಲ್ಲಿ ಒಬ್ಬರು ಹಾಕುತ್ತಾರೆ. ನಮ್ಮ ಸಂಘದಲ್ಲಿ ಹತ್ತು ವರ್ಷ ಚಕ್ಕುಲಿ ಸುತ್ತಿದವರು ನಾವು, ಬ್ಯಾಂಕಿನಲ್ಲಿ ಸಹಿ ಮಾಡುವವರು ಗಂಡಸರು. ಯಂತ್ರ ಮಾರಿದ್ದೂ ನಮಗೆ ಗೊತ್ತಾಗಲಿಲ್ಲ. ಬೆಳಿಗ್ಗೆ ಬಾಗಿಲು ತೆಗೆದರೆ ಯಂತ್ರ ಇದ್ದ ಜಾಗದಲ್ಲಿ ಎಣ್ಣೆಯ ಕಲೆ ಮಾತ್ರ ಇತ್ತು.

ಮಿಡಿಭರಣಿ

ಅಕ್ಕ, ನಿಮ್ಮ ಮಾತು ಓದಿ ಸುಮ್ಮನೆ ಕೂತುಬಿಟ್ಟೆ. ಕರಡಿನಲ್ಲಿ ಐದೂ ಹೆಸರು ಗಂಡಸರದ್ದೇ. ನಾನೇ ಬರೆದ ಕರಡು ಅದು.

ಲೆಕ್ಕಪತ್ರ

ಕರಡು ತಾನೇ, ಬದಲಿಸಬಹುದು. ಭಾವನವರ ವಿಷಯಕ್ಕೆ ನನ್ನ ಸಲಹೆ: ಅವರ ದುಡ್ಡನ್ನು ಎರಡು ಭಾಗ ಮಾಡಿ. ಒಂದು ಭಾಗ ಬಂಡವಾಳ, ಎಲ್ಲರಷ್ಟೇ. ಉಳಿದದ್ದು ಘಟಕಕ್ಕೆ ಕೊಟ್ಟ ಸಾಲ, ಬಡ್ಡಿ ಸಮೇತ. ದುಡ್ಡಿಗೆ ಬಡ್ಡಿ, ಗೋದಾಮಿಗೆ ಬಾಡಿಗೆ, ಕೈಗೆ ಕೂಲಿ. ಓಟು ಇದು ಯಾವುದಕ್ಕೂ ಅಂಟಿಕೊಳ್ಳದಿರಲಿ.

ವಖಾರಿ_ಮಗ

ಇದು ನನಗೂ ಒಪ್ಪಿಗೆ. ಆದರೆ ಅವರ ಸಾಲ ತೀರುವ ತನಕ ಹೊಸ ಸಾಲ ಮಾಡಲು ಅವರ ಒಪ್ಪಿಗೆ ಬೇಕು ಅಂತ ಬರೆಯಿರಿ. ಅಷ್ಟು ರಕ್ಷಣೆ ಅವರಿಗೆ ನ್ಯಾಯ.

ಮಿಡಿಭರಣಿ

ಭಾನುವಾರ ಎಲ್ಲರೂ ಕೂತೆವು. ಈ ಚರ್ಚೆಯನ್ನು ಮಗಳು ಓದಿ ಹೇಳಿದಳು. ಭಾವ ಮಧ್ಯ ಎದ್ದು ಹೋಗಿ ಅಂಗಳದಲ್ಲಿ ನಿಂತರು. ಹಣ ಹಾಕುವವನನ್ನು ಕಳ್ಳನ ಹಾಗೆ ನೋಡುತ್ತಿದ್ದೀರಿ ಅಂತ ಅವರಿಗೆ ಬೇಜಾರಾಗಿತ್ತು. ಅತ್ತೆ ಹೋಗಿ ಕರೆದುಕೊಂಡು ಬಂದರು. ವಖಾರಿ ಮಗ ಅವರು ಬರೆದದ್ದನ್ನು ಓದಿದ ಮೇಲೆ ಸಮಾಧಾನವಾದರು. ನಿಮಗೆ ಥ್ಯಾಂಕ್ಸ್ ಹೇಳಲು ಹೇಳಿದ್ದಾರೆ.

ಇಷ್ಟು ಆಗಿದೆ. ಐದು ಮನೆಯೂ ತಲಾ ಒಂದೂವರೆ ಲಕ್ಷ, ಒಟ್ಟು ಏಳೂವರೆ. ಭಾವನ ಉಳಿದ ನಾಲ್ಕೂವರೆ ಲಕ್ಷ ಸಾಲ, ಶೇ 9 ಬಡ್ಡಿ, ಮೂರು ವರ್ಷದಲ್ಲಿ ತೀರಿಸಬೇಕು. ಅಲ್ಲಿಯ ತನಕ ಹೊಸ ಸಾಲಕ್ಕೆ ಅವರ ಒಪ್ಪಿಗೆ ಬೇಕು. ಗೋದಾಮಿಗೆ ತಿಂಗಳಿಗೆ 2,500 ಬಾಡಿಗೆ. ದುಡಿದ ದಿನ ಪುಸ್ತಕದಲ್ಲಿ ಬರೆದು ಕೂಲಿ, ಮಾಲು ಹೋಗಲಿ ಬಿಡಲಿ. ಇದೆಲ್ಲಾ ಕಳೆದು ಉಳಿದ ಲಾಭ ಸಮಪಾಲು. ಯಂತ್ರ ಮಾರಲು ಐದೂ ಸಹಿ. ಎಲ್‌ಎಲ್‌ಪಿ ಮಾಡುವುದು ಅಂತಾಯಿತು.

ಸಹಿ ವಿಷಯ ಇನ್ನೂ ಮುಗಿದಿಲ್ಲ. ಮೂರು ಮನೆಯಲ್ಲಿ ಹೆಂಗಸರ ಹೆಸರು ಅಂತ ಒಪ್ಪಿದ್ದಾರೆ, ನಮ್ಮ ಮನೆಯೂ ಸೇರಿ. ಎರಡು ಮನೆಯಲ್ಲಿ ಮಾತು ನಡೆದಿದೆ.

ಶರಾವತಿ_ದಂಡೆ (ಹೊನ್ನಾವರ)

ಆ ಎರಡು ಮನೆಯ ಹೆಂಗಸರಿಗೆ ನನ್ನ ನಂಬರ್ ಕೊಡುತ್ತೇನೆ, ಒಳಗೆ ಮೆಸೇಜ್ ಮಾಡಿ. ನಾನು ಮಾತಾಡುತ್ತೇನೆ.

ಕಡಲತಡಿ (ಕಾರವಾರ)

ಉಪ್ಪಿನಕಾಯಿ ಆದಾಗ ಕಾರವಾರದ ಸಂತೆಗೆ ಭಾನುವಾರ ತನ್ನಿ ಅಕ್ಕ. ಜಾಗ ನಾನು ನೋಡುತ್ತೇನೆ.

ಯಲ್ಲಾಪುರ_ಕಾಳು

ಮಿಡಿ ಎಲ್ಲಿಂದ ತರುತ್ತೀರಿ? ನಮ್ಮ ಹೊಳೆ ದಂಡೆಯಲ್ಲಿ ಎರಡು ಒಳ್ಳೆಯ ಮರ ಇದೆ, ಜೀರಿಗೆ ಪರಿಮಳದ್ದು.

ಮಿಡಿಭರಣಿ

ಖಂಡಿತಾ ಬೇಕು. ಫೆಬ್ರವರಿ ಕೊನೆಗೆ ಬರುತ್ತೇವೆ, ಅಷ್ಟರೊಳಗೆ ಕಾಗದ ಆಗಿರುತ್ತದೆ. ಕೊಯ್ಯುವವರಿಗೆ ಮೊದಲೇ ಹೇಳಿಡಿ, ಗೊಂಚಲು ನೆಲಕ್ಕೆ ಬೀಳಿಸಬಾರದು, ಬುಟ್ಟಿ ಕಟ್ಟಿ ಇಳಿಸಬೇಕು. ತೊಟ್ಟು ಇರಲೇಬೇಕು.